ತಿಮಿಂಗಿಲದ ಮನೆತನ



ಒಂದು ಭಾನುವಾರ ಎರಡನೇ ಪೂಜೆ ಮುಗಿಸಿ, ಒಂದು ಲೋಟ ಚಹಾ ಕುಡಿಯೋಣವೆಂದು ನಾವು ಬಂಗ್ಲೆಯ ಜಗಲಿಯಲ್ಲಿ ಕುಳಿತಿದ್ದೆವು. ಅಷ್ಟರಲ್ಲಿ ಧರ್ಮೋಪದೇಶದ ಟೀಚರೊಬ್ಬರು ಏಳನೇ ತರಗತಿಯ ಹುಡುಗನೊಬ್ಬನ ಕೈ ಹಿಡಿದುಕೊಂಡು ಬಂದರು. ಟೀಚರ ಮುಖ ಕೆಂಪಾಗಿತ್ತು. ಹುಡುಗ ನೆಲ ನೋಡುತ್ತಿದ್ದ.

"ಫಾದರ್, ಇವನು ಪವಿತ್ರ ಗ್ರಂಥ ಸುಳ್ಳು ಅಂತ ಹೇಳ್ತಾನೆ."

"ಸುಳ್ಳು ಅಂತ ಹೇಳ್ಲಿಲ್ಲ ಫಾದರ್. ತಿಮಿಂಗಿಲ ಮೀನಲ್ಲ ಅಂತ ಹೇಳಿದ್ದು ಮಾತ್ರ."

ವಿಷಯ ಇಷ್ಟೇ. ಟೀಚರು ಪ್ರವಾದಿ ಯೋನನ ಕಥೆ ಹೇಳುತ್ತಾ ಬೋರ್ಡಿನ ಮೇಲೆ ನೀರು ಚಿಮ್ಮಿಸುವ ಒಂದು ತಿಮಿಂಗಿಲದ ಚಿತ್ರ ಬರೆದು, "ಈ ದೊಡ್ಡ ಮೀನು ಯೋನನನ್ನು ನುಂಗಿತು" ಎಂದಿದ್ದರು. ತಿಮಿಂಗಿಲ ಸಸ್ತನಿಯೆಂದು ಶಾಲೆಯ ವಿಜ್ಞಾನ ಪುಸ್ತಕದಲ್ಲಿ ಉಂಟಲ್ಲ ಎಂದು ಹುಡುಗ ಎದ್ದು ನಿಂತ. ಮಕ್ಕಳು ನಕ್ಕರು. ಇಪ್ಪತ್ತು ವರ್ಷಗಳಿಂದ ಒಂದು ರೂಪಾಯಿ ಪಡೆಯದೆ ಪಾಠ ಹೇಳಿಕೊಡುತ್ತಿರುವ ಆ ತಾಯಿಗೆ ನೋವಾಯಿತು. ನಮಗೋ ಚಹಾ ಆರುತ್ತಿತ್ತು. "ಇಬ್ಬರದ್ದೂ ಸರಿ, ಹೋಗಿ" ಎಂದು ಕಳುಹಿಸಿಬಿಟ್ಟೆವು. ಇದು ಉತ್ತರವಲ್ಲ, ಉತ್ತರದಿಂದ ತಪ್ಪಿಸಿಕೊಳ್ಳುವ ದಾರಿ ಎಂದು ನಮಗೂ ಗೊತ್ತಿತ್ತು.

ಮುಂದಿನ ಎರಡು ಭಾನುವಾರ ಹುಡುಗ ತರಗತಿಗೆ ಬರಲಿಲ್ಲ. ಅವನ ತಂದೆ ಪೇಟೆಯಲ್ಲಿ ಸಿಕ್ಕಿದಾಗ ಕೇಳಿದೆವು. "ಶಾಲೆಯಲ್ಲಿ ಹೇಳಿದ್ದು ನಿಜವಾದ್ರೆ ಇಗರ್ಜಿಯಲ್ಲಿ ಹೇಳಿದ್ದು ಏನು ಅಂತ ಕೇಳ್ತಾನೆ ಫಾದರ್. ನಾನು ಎಂತ ಹೇಳ್ಲಿ?" ಎಂದರು. ಅವರ ಕೈಯಲ್ಲಿ ಅಡಿಕೆಯ ಚೀಲ, ಕಣ್ಣಲ್ಲಿ ಚಿಂತೆ. ಈ ತಿಂಗಳ ಅಂಕಣ ಆ ಹುಡುಗನಿಗೆ, ಟೀಚರಿಗೆ ಮತ್ತು ಆ ತಂದೆಗೆ ನಾವು ಕೊಡಬೇಕಾಗಿದ್ದ ಸಾಲ.

ಮೊದಲು ಟೀಚರ ಪರವಾಗಿ ಒಂದು ಮಾತು. ಯೋನನ ಪುಸ್ತಕದಲ್ಲಿ ತಿಮಿಂಗಿಲವೇ ಇಲ್ಲ. ಹೀಬ್ರೂ ಮೂಲದಲ್ಲಿರುವುದು 'ದಾಗ್ ಗಾದೋಲ್', ಅಂದರೆ ದೊಡ್ಡ ಮೀನು. ಮತ್ತಾಯನ ಶುಭಸಂದೇಶದ ಹನ್ನೆರಡನೇ ಅಧ್ಯಾಯದಲ್ಲಿ ಯೇಸುಸ್ವಾಮಿ ಯೋನನನ್ನು ನೆನೆಯುವಾಗ ಗ್ರೀಕ್ ಭಾಷೆಯ 'ಕೇತೊಸ್' ಎಂಬ ಪದ ಬರುತ್ತದೆ. ಸಮುದ್ರದ ಯಾವುದೇ ದೈತ್ಯ ಪ್ರಾಣಿಗೂ ಆ ಹೆಸರು ಸಲ್ಲುತ್ತಿತ್ತು. ಕಾಲಕ್ರಮದಲ್ಲಿ ಚಿತ್ರಕಾರರೂ ಅನುವಾದಕರೂ ಸೇರಿ ಅದನ್ನು ತಿಮಿಂಗಿಲ ಮಾಡಿದರು. ವಿಜ್ಞಾನಿಗಳು ತಿಮಿಂಗಿಲ, ಡಾಲ್ಫಿನ್‌ಗಳ ಗುಂಪಿಗೆ 'ಸಿಟೇಶಿಯ' ಎಂದು ಹೆಸರಿಟ್ಟದ್ದು ಇದೇ ಕೇತೊಸ್‌ನಿಂದ. ಹೀಗೆ ಹುಡುಗನ ವಿಜ್ಞಾನವೂ ಟೀಚರ ಬೋರ್ಡೂ ಒಂದೇ ಪದದಿಂದ ಹುಟ್ಟಿದವು.

ಇನ್ನು ಹಳೆಯ ಕಾಲದವರು ತಿಮಿಂಗಿಲವನ್ನು ಮೀನು ಎಂದದ್ದು ಅಜ್ಞಾನವೇ? ಹಾಗೆ ಹೇಳಲು ನಮಗೆ ಮನಸ್ಸಿಲ್ಲ. ಆದಿಕಾಂಡದ ಮೊದಲ ಅಧ್ಯಾಯ ಜೀವಿಗಳನ್ನು ವಿಂಗಡಿಸುವುದು ಅವು ಇರುವ ಜಾಗದ ಪ್ರಕಾರ: ನೀರಿನವು, ಆಕಾಶದವು, ನೆಲದವು. ಯಾಜಕಕಾಂಡದ ಹನ್ನೊಂದನೇ ಅಧ್ಯಾಯದಲ್ಲಿ ಬಾವಲಿ ಹಕ್ಕಿಗಳ ಪಟ್ಟಿಯಲ್ಲಿದೆ, ಏಕೆಂದರೆ ಅದು ಹಾರುತ್ತದೆ. ಅಲ್ಲಿದ್ದ ಪ್ರಶ್ನೆ ಯಾವುದನ್ನು ತಿನ್ನಬಹುದು, ಯಾವುದನ್ನು ತಿನ್ನಬಾರದು ಎಂಬುದು. ಅದು ಅಡುಗೆಮನೆಯ ವಿಂಗಡಣೆ. ನಮ್ಮಲ್ಲೂ ಅದೇ ನಡೆಯುತ್ತದೆ. ಬೆಳಿಗ್ಗೆ ಸ್ಕೂಟರಿನಲ್ಲಿ ಹಾರ್ನ್ ಹೊಡೆಯುತ್ತಾ ಬರುವ ಮೀನಿನವನ ಪೆಟ್ಟಿಗೆಯಲ್ಲಿ ಬಂಗುಡೆ, ಸಿಗಡಿ, ಏಡಿ, ಬೊಂಡಾಸ್ ಎಲ್ಲವೂ 'ಮೀನು'. ಸಿಗಡಿಗೆ ಬಂಗುಡೆಗಿಂತ ಮನೆಯ ಜಿರಳೆ ಹತ್ತಿರದ ನೆಂಟ ಎಂದು ಪ್ರಾಣಿಶಾಸ್ತ್ರಜ್ಞರು ಹೇಳುತ್ತಾರೆ. (ಇದನ್ನು ಊಟಕ್ಕೆ ಮೊದಲು ಓದಿದವರು ನಮ್ಮನ್ನು ಕ್ಷಮಿಸಬೇಕು.) ಹಾಗೆಂದು ಮೀನಿನವ ಸುಳ್ಳುಗಾರನಲ್ಲ. ಅವನು ವ್ಯಾಪಾರದ ಭಾಷೆ ಆಡುತ್ತಾನೆ.

ಜಾಗ ನೋಡಿ ವಿಂಗಡಿಸುವುದು ಬೇರೆ, ಸಂಬಂಧ ನೋಡಿ ವಿಂಗಡಿಸುವುದು ಬೇರೆ. ಡಾಲ್ಫಿನ್ ಮರಿ ಹಾಕುತ್ತದೆ, ಹಾಲೂಡಿಸುತ್ತದೆ, ಶ್ವಾಸಕೋಶದಿಂದ ಉಸಿರಾಡುತ್ತದೆ ಎಂದು ಕ್ರಿಸ್ತಪೂರ್ವ ನಾಲ್ಕನೇ ಶತಮಾನದಲ್ಲೇ ಅರಿಸ್ಟಾಟಲ್ ಬರೆದಿದ್ದ. ಆದರೂ ಸ್ವೀಡನ್ನಿನ ಕಾರ್ಲ್ ಲಿನ್ನೇಯಸ್ 1735ರಲ್ಲಿ ತನ್ನ ಮೊದಲ ಪಟ್ಟಿ ಪ್ರಕಟಿಸಿದಾಗ ತಿಮಿಂಗಿಲವನ್ನು ಮೀನುಗಳ ಜೊತೆಗೇ ಇಟ್ಟ. 1758ರ ಹತ್ತನೇ ಆವೃತ್ತಿಯಲ್ಲಿ ತನ್ನ ತಪ್ಪನ್ನು ತಾನೇ ತಿದ್ದಿ, ಹಸು, ನಾಯಿ, ಮನುಷ್ಯರಿರುವ ಸಸ್ತನಿಗಳ ವರ್ಗಕ್ಕೆ ಅದನ್ನು ವರ್ಗಾಯಿಸಿದ. ಅಷ್ಟು ದೊಡ್ಡ ಪಂಡಿತ ತನ್ನ ಪುಸ್ತಕವನ್ನು ತಾನೇ ತಿದ್ದಿಕೊಂಡದ್ದು ನಮಗೆ ಬಹಳ ಇಷ್ಟವಾದ ಸಂಗತಿ.

ಜನ ಮಾತ್ರ ಅಷ್ಟು ಬೇಗ ಒಪ್ಪಲಿಲ್ಲ. 1818ರ ಡಿಸೆಂಬರಿನಲ್ಲಿ ನ್ಯೂಯಾರ್ಕಿನ ನ್ಯಾಯಾಲಯಕ್ಕೆ ಒಂದು ಮೊಕದ್ದಮೆ ಬಂತು. ಮೀನೆಣ್ಣೆಯ ಪೀಪಾಯಿಗಳನ್ನು ಸರಕಾರಿ ಪರೀಕ್ಷಕ ತಪಾಸಣೆ ಮಾಡಬೇಕು, ಅದಕ್ಕೆ ಶುಲ್ಕ ತೆರಬೇಕು ಎಂಬ ಕಾನೂನು ಅಲ್ಲಿತ್ತು. ಸಾಮ್ಯುಯೆಲ್ ಜಡ್ ಎಂಬ ವ್ಯಾಪಾರಿ ಮೂರು ಪೀಪಾಯಿ ತಿಮಿಂಗಿಲದ ಎಣ್ಣೆಗೆ ಶುಲ್ಕ ಕೊಡಲಿಲ್ಲ. ತಿಮಿಂಗಿಲ ಮೀನಲ್ಲ, ಆದ್ದರಿಂದ ಇದು ಮೀನೆಣ್ಣೆಯೂ ಅಲ್ಲ ಎಂಬುದು ಅವನ ವಾದ. ಸಾಮ್ಯುಯೆಲ್ ಮಿಚಿಲ್ ಎಂಬ ಹೆಸರಾಂತ ವಿದ್ವಾಂಸ ಬಂದು, ತಿಮಿಂಗಿಲ ಮೀನಲ್ಲವೆಂದು ಸಾಕ್ಷಿ ನುಡಿದ. ಪಂಚರು ಕೇಳಿಸಿಕೊಂಡು, ತಿಮಿಂಗಿಲ ಮೀನೇ ಎಂದು ತೀರ್ಪು ಕೊಟ್ಟರು! ಮರುವರ್ಷವೇ ಶಾಸನಸಭೆ ಕಾನೂನನ್ನು ತಿದ್ದಿ ತಿಮಿಂಗಿಲದ ಎಣ್ಣೆಯನ್ನು ಹೊರಗಿಟ್ಟಿತು. ನಮ್ಮ ಹುಡುಗ ಆ ನ್ಯಾಯಾಲಯದಲ್ಲಿದ್ದಿದ್ದರೆ ಅವನೂ ಸೋಲುತ್ತಿದ್ದ.

ಸಂಬಂಧ ಹುಡುಕುವುದು ಹೇಗೆ? ಈ ಕೆಲಸ ಧರ್ಮಕೇಂದ್ರದ ಗುರುಗಳಿಗೆ ಹೊಸದಲ್ಲ. ಮದುವೆಯ ಕಾಗದ ಬಂದಾಗ ನಾವು ಕಪಾಟಿನಿಂದ ಜ್ಞಾನಸ್ನಾನದ ಹಳೆಯ ದಾಖಲೆ ಪುಸ್ತಕಗಳನ್ನು ಇಳಿಸುತ್ತೇವೆ. ವರ ಡಿಸೋಜ, ವಧು ಡಿಸೋಜ ಎಂದರೆ ಊರವರು ಹುಬ್ಬೇರಿಸುತ್ತಾರೆ. ಪುಸ್ತಕ ತೆರೆದು ನೋಡಿದರೆ ಆರು ತಲೆಮಾರು ಹಿಂದಕ್ಕೆ ಹೋದರೂ ಎರಡು ಮನೆಗಳಿಗೆ ಏನೇನೂ ನಂಟಿಲ್ಲ. ಇನ್ನೊಂದು ಸಲ ವರ ಲೋಬೊ, ವಧು ಪಿಂಟೊ. ಹೆಸರು ಬೇರೆ, ಆದರೆ ಇಬ್ಬರಿಗೂ ಒಬ್ಬರೇ ಅಜ್ಜಿ! ಧರ್ಮಸಭೆಯ ಕಾನೂನು ಅಡ್ಡ ಬರುವುದು ಇಲ್ಲೇ ಹೊರತು ಡಿಸೋಜರಲ್ಲಿ ಅಲ್ಲ. ಮನೆತನದ ಹೆಸರು ನೋಡಿದರೆ ಸಾಲದು, ಇಬ್ಬರಿಗೂ ಸಮಾನವಾದ ಹಿರಿಯರು ಎಷ್ಟು ಹಿಂದೆ ಸಿಗುತ್ತಾರೆಂದು ನೋಡಬೇಕು.

ಮೀನಿನ ಆಕಾರವೂ ಡಿಸೋಜ ಎಂಬ ಹೆಸರಿನಂತೆ. ನೀರು ಸೀಳಿ ಈಜುವ ಕೆಲಸಕ್ಕೆ ಆ ಆಕಾರ ಅನುಕೂಲ, ಹಾಗಾಗಿ ಶಾರ್ಕಿಗೂ ಬಂತು, ಡಾಲ್ಫಿನ್ನಿಗೂ ಬಂತು. ಒಳಗೆ ನೋಡಿದರೆ ಕಥೆ ಬೇರೆ. ಮೀನು ಬಾಲವನ್ನು ಎಡಬಲಕ್ಕೆ ಬೀಸುತ್ತದೆ, ತಿಮಿಂಗಿಲ ಮೇಲೆ ಕೆಳಗೆ ಬೀಸುತ್ತದೆ. ಓಡುವ ನಾಯಿಯ ಬೆನ್ನು ಬಾಗುವುದೂ ಹಾಗೆಯೇ. ಅದರ ಈಜುರೆಕ್ಕೆಯೊಳಗೆ ನಮ್ಮ ಕೈಯಲ್ಲಿರುವಂಥದೇ ತೋಳಿನ ಮೂಳೆ, ಮಣಿಕಟ್ಟು, ಬೆರಳುಗಳ ಮೂಳೆಗಳಿವೆ. ಸೊಂಟದ ಬಳಿ ಹಿಂಗಾಲಿನ ಕಾಲದ ನೆನಪಾಗಿ ಪುಟ್ಟ ಮೂಳೆಗಳು ಮಾಂಸದೊಳಗೆ ಹುದುಗಿವೆ. ಇನ್ನೊಂದು ವಿಚಿತ್ರ ಕೇಳಿ: ದಾಖಲೆ ಪುಸ್ತಕದ ಲೆಕ್ಕದಲ್ಲಿ ಬಂಗುಡೆಗೆ ಶಾರ್ಕಿಗಿಂತ ಮನುಷ್ಯನೇ ಹತ್ತಿರದ ನೆಂಟ. ಬಂಗುಡೆಯ ಮನೆಯೂ ನಮ್ಮ ಮನೆಯೂ ಬೇರೆಯಾಗುವ ಮೊದಲೇ ಶಾರ್ಕಿನ ಮನೆಯವರು ಪಾಲು ತೆಗೆದುಕೊಂಡು ಹೋಗಿಯಾಗಿತ್ತು. ಆದ್ದರಿಂದ ಈಗಿನ ವರ್ಗೀಕರಣದಲ್ಲಿ 'ಮೀನು' ಎಂಬುದು ಒಂದೇ ಮನೆತನದ ಹೆಸರಲ್ಲ.

ಹಾಗಾದರೆ ತಿಮಿಂಗಿಲ ಯಾವ ಮನೆಯದು? ನೂರಾರು ವರ್ಷ ಇದು ಬಗೆಹರಿಯಲಿಲ್ಲ. ಬಾಯಿ ತೆರೆದು ಈಜುತ್ತಾ ಹುಳ ಹಿಡಿಯುವ ಕರಡಿಯೊಂದರ ವಿಷಯ ಕೇಳಿದ ಡಾರ್ವಿನ್, ಅಂಥದೊಂದು ಪ್ರಾಣಿ ಕಾಲಾಂತರದಲ್ಲಿ ತಿಮಿಂಗಿಲದಂತೆ ಆಗಬಹುದಲ್ಲವೇ ಎಂದು 1859ರ ತನ್ನ ಪುಸ್ತಕದಲ್ಲಿ ಬರೆದ. ಜನ ನಕ್ಕರು. ಮುಂದಿನ ಆವೃತ್ತಿಯಲ್ಲಿ ಆ ಮಾತನ್ನು ಮೊಟಕುಗೊಳಿಸಿದ. ಕರಡಿಯ ವಿಷಯದಲ್ಲಿ ಅವನ ಊಹೆ ತಪ್ಪು, ನೆಲದಿಂದ ನೀರಿಗೆ ಎಂಬುದು ಸರಿ.

ಉತ್ತರ ಸಿಕ್ಕಿದ್ದು ಬೇರೆಲ್ಲೂ ಅಲ್ಲ, ನಮ್ಮದೇ ನೆಲದಲ್ಲಿ. ಜಮ್ಮುವಿನ ರಜೌರಿ ಜಿಲ್ಲೆಯ ಕಾಲಾಕೋಟೆಯ ಬಳಿ ಎ. ರಂಗರಾವ್ ಎಂಬ ಭೂವಿಜ್ಞಾನಿ ಪಳೆಯುಳಿಕೆಗಳಿರುವ ಕಲ್ಲುಗಳನ್ನು ಸಂಗ್ರಹಿಸಿದ್ದರು. ಬೆಕ್ಕಿನಷ್ಟು ದೊಡ್ಡದಾದ, ಗೊರಸಿನ ಒಂದು ಪ್ರಾಣಿಗೆ 1971ರಲ್ಲಿ ಇಂಡೋಹಯಸ್ ಎಂದು ಹೆಸರಿಟ್ಟರು. ಹಯಸ್ ಎಂದರೆ ಹಂದಿ, ಅಂದರೆ 'ಭಾರತದ ಹಂದಿ'. ಬಹಳಷ್ಟು ಕಲ್ಲುಗಳು ಒಡೆಯದೆಯೇ ಉಳಿದವು. ಅವರು ತೀರಿಕೊಂಡ ಮೇಲೆ ಅವರ ಪತ್ನಿ ಆ ಕಲ್ಲುಗಳನ್ನು ಜೋಪಾನವಾಗಿ ಇಟ್ಟುಕೊಂಡು, ಕೊನೆಗೆ ಹಾನ್ಸ್ ತೇವಿಸ್ಸನ್ ಎಂಬ ವಿಜ್ಞಾನಿಯ ಕೈಗೊಪ್ಪಿಸಿದರು. ಅವರ ಸಹಾಯಕನ ಕೈತಪ್ಪಿ ಒಂದು ತಲೆಬುರುಡೆ ಒಡೆಯಿತು. ಒಳಗೆ ಕಂಡದ್ದು ಕಿವಿಯ ಮೂಳೆ. ಅದರ ಒಂದು ಬದಿ ದಪ್ಪ, ಇನ್ನೊಂದು ಬದಿ ತೆಳು. ಅಂಥ ಕಿವಿ ಅಲ್ಲಿಯತನಕ ತಿಮಿಂಗಿಲ ಜಾತಿಯಲ್ಲಿ ಮಾತ್ರ ಕಂಡದ್ದು! 2007ರ ಡಿಸೆಂಬರಿನಲ್ಲಿ ಈ ಸಂಗತಿ ಪ್ರಕಟವಾಯಿತು. ಗಂಡನ ಕಲ್ಲುಗಳನ್ನು ಅಂಗಳಕ್ಕೆ ಎಸೆಯದ ಆ ಹೆಂಗಸನ್ನು ನಾವು ಆಗಾಗ ನೆನೆಯುತ್ತೇವೆ. ನಮ್ಮ ಎಷ್ಟು ಮನೆಗಳಲ್ಲಿ ಅವು ಉಳಿಯುತ್ತಿದ್ದವೋ!

ಇಂಡೋಹಯಸ್ ಬದುಕಿದ್ದು ಸುಮಾರು 4.8 ಕೋಟಿ ವರ್ಷಗಳ ಹಿಂದೆ. ಅದರ ಕಾಲಿನ ಮೂಳೆಗಳ ಗೋಡೆ ದಪ್ಪ ಮತ್ತು ಭಾರ, ನೀರಿನಲ್ಲಿ ತೇಲದೆ ತಳದಲ್ಲಿ ನಡೆಯಲು ತಕ್ಕಂತೆ. ಅದು ತಿಮಿಂಗಿಲದ ಅಜ್ಜನಲ್ಲ, ಅಜ್ಜನ ತಮ್ಮನ ಮನೆಯದು. ಏಕೆಂದರೆ ಅದಕ್ಕಿಂತ ತುಸು ಹಳೆಯ, ತೋಳದಷ್ಟು ದೊಡ್ಡ, ನಾಲ್ಕು ಕಾಲಿನ ಪಾಕಿಸೀಟಸ್ ಎಂಬ ಆದಿ ತಿಮಿಂಗಿಲ ಪಾಕಿಸ್ತಾನದಲ್ಲಿ ಸಿಕ್ಕಿ 1981ರಲ್ಲೇ ವರದಿಯಾಗಿತ್ತು. ಕಾಲಿದ್ದೂ ಚೆನ್ನಾಗಿ ಈಜಬಲ್ಲ ಆಂಬುಲೋಸೀಟಸ್ 1994ರಲ್ಲಿ ಬಂತು. ಗುಜರಾತಿನ ಕಛ್‌ನಲ್ಲೂ ಇಂಥವುಗಳ ಮೂಳೆಗಳು ಸಿಕ್ಕಿವೆ. ಭಾರತದ ನೆಲ ಏಷ್ಯಾಕ್ಕೆ ಬಂದು ತಾಗುತ್ತಿದ್ದ ಆ ಕಾಲದಲ್ಲಿ ಇವೆಲ್ಲ ಟೆಥಿಸ್ ಎಂಬ ಸಮುದ್ರದ ದಡದಲ್ಲಿದ್ದವು.

ಇತ್ತ ಡಿಎನ್ಎ ಪರೀಕ್ಷೆ ಮಾಡುವವರು 1990ರ ದಶಕದಲ್ಲಿ ಬೇರೆ ದಾರಿಯಿಂದ ಅದೇ ಬಾಗಿಲಿಗೆ ಬಂದರು. ಇಂದು ಬದುಕಿರುವ ಪ್ರಾಣಿಗಳಲ್ಲಿ ತಿಮಿಂಗಿಲಕ್ಕೆ ತೀರ ಹತ್ತಿರದ್ದು ನೀರಾನೆ. ಎರಡೂ ಸೇರುವುದು ಒಂಟೆ, ಹಂದಿ, ಜಿಂಕೆ, ಆಡು, ಹಸು ಇರುವ ಸಮಗೊರಸಿನ ಕುಟುಂಬಕ್ಕೆ. ಹಸುವಿಗೆ ಹಂದಿಗಿಂತಲೂ ತಿಮಿಂಗಿಲ ಹತ್ತಿರದ್ದು ಎಂದರೆ ಹಟ್ಟಿಯಲ್ಲಿ ನಿಂತು ನಂಬುವುದು ಕಷ್ಟ. ಆದರೆ ದಾಖಲೆ ಪುಸ್ತಕ ಹೇಳುವುದು ಅದನ್ನೇ. 2001ರಲ್ಲಿ ಆದಿ ತಿಮಿಂಗಿಲಗಳ ಪಾದದ ಕೀಲಿನ ಮೂಳೆಗಳೂ ಸಿಕ್ಕಿದವು. ಸಮಗೊರಸಿನವುಗಳಲ್ಲಿ ಈ ಮೂಳೆಯ ಮೇಲೆ ಕೆಳಗೆ ಎರಡೂ ಕಡೆ ಬಾವಿಯ ರಾಟೆಯಂಥ ತೋಡು ಇರುತ್ತದೆ, ಕುದುರೆ ನಾಯಿಗಳಲ್ಲಿ ಇರುವುದು ಒಂದೇ ಕಡೆ. ಆದಿ ತಿಮಿಂಗಿಲಗಳಲ್ಲಿ ಎರಡೂ ಕಡೆ ಇತ್ತು.

ಆ ತಂದೆಯ ಪ್ರಶ್ನೆಗೂ ಉತ್ತರ ಹೇಳಬೇಕು. ವಿಕಾಸವಾದವನ್ನು ಓದಿದರೆ ವಿಶ್ವಾಸ ಹೋಗುತ್ತದೆಂದು ಧರ್ಮಸಭೆ ಹೇಳಿಲ್ಲ. ಮನುಷ್ಯ ದೇಹದ ಮೂಲದ ಬಗ್ಗೆ ವಿದ್ವಾಂಸರು ಸಂಶೋಧಿಸಿ ಚರ್ಚಿಸಲು ಅಡ್ಡಿಯಿಲ್ಲ, ಆತ್ಮವನ್ನು ಸೃಷ್ಟಿಸುವವರು ದೇವರೇ ಎಂದು ಜಗದ್ಗುರು ಹನ್ನೆರಡನೇ ಭಕ್ತಿನಾಥರು, ಅಂದರೆ ಪೋಪ್ ಪಯಸ್, 1950ರಲ್ಲಿ ಬರೆದರು. ಅದು ಬರೀ ಊಹೆಗಿಂತ ಹೆಚ್ಚಿನದೆಂದು ಜಗದ್ಗುರು ಎರಡನೇ ಜಾನ್ ಪಾಲರು 1996ರಲ್ಲಿ ಒಪ್ಪಿದರು. ನಮ್ಮಲ್ಲಿ ಕೆಲವರು ಇದನ್ನು ಇನ್ನೂ ಕೇಳಿಯೇ ಇಲ್ಲದವರಂತೆ ಮಾತಾಡುತ್ತಾರೆ. ನಾವೂ ಹಾಗೆಯೇ ಇದ್ದೆವು. ಗುರುದೀಕ್ಷೆಯಾದ ಹೊಸದರಲ್ಲಿ ಒಂದು ಪ್ರಸಂಗದಲ್ಲಿ 'ನಿಮ್ಮ ಅಜ್ಜ ಮಂಗನೇ?' ಎಂದು ಕೇಳಿ ಇಗರ್ಜಿಯನ್ನೇ ನಗಿಸಿದ್ದೆವು. ಪೂಜೆಯ ನಂತರ ನಿವೃತ್ತ ಮಾಸ್ಟರೊಬ್ಬರು ಬಂದು ಮೆಲ್ಲನೆ ಹೇಳಿದರು: "ಫಾದರ್, ಮಂಗ ಅಜ್ಜ ಅಂತ ವಿಜ್ಞಾನ ಹೇಳುವುದಿಲ್ಲ. ದಾಯಾದಿ ಅಂತ ಹೇಳ್ತದೆ. ನನ್ನ ಕ್ಲಾಸಿನ ಮಕ್ಕಳು ಇವತ್ತು ಹಿಂದಿನ ಬೆಂಚಿನಲ್ಲಿ ಕೂತಿದ್ರು." ಆ ಮಕ್ಕಳಲ್ಲಿ ಎಷ್ಟು ಮಂದಿ ಅಂದಿನಿಂದ ನಮ್ಮ ಮಾತನ್ನು ಅರ್ಧ ಕಿವಿಯಲ್ಲಿ ಕೇಳಲು ಶುರುಮಾಡಿದರೋ ದೇವರಿಗೇ ಗೊತ್ತು.

ನಾವು ಹುಡುಗನ ಮನೆಗೆ ಹೋಗಿ ಈ ಕಥೆಯನ್ನೆಲ್ಲ ಹೇಳಿದೆವು. ಮರುಭಾನುವಾರ ಅವನು ಬಂದ. ಟೀಚರು ಅವನನ್ನೇ ಬೋರ್ಡಿನ ಬಳಿ ಕರೆದು, ಯೋನನ ಪುಸ್ತಕದಲ್ಲಿ ಯಾವ ಪದ ಉಂಟು ಎಂದು ಬರೆಸಿದರಂತೆ. ಮೊನ್ನೆ ಹಬ್ಬಕ್ಕೆ ಅವರ ಮನೆಯಲ್ಲಿ ಹಂದಿ ಕಡಿದಿದ್ದರು. ಸಂಜೆ ಹುಡುಗ ಪೇಪರಿನಲ್ಲಿ ಸುತ್ತಿದ ಪೊಟ್ಟಣವೊಂದನ್ನು ತಂದು ನಮ್ಮ ಮೇಜಿನ ಮೇಲಿಟ್ಟ. ಒಳಗೆ ಚೆನ್ನಾಗಿ ಬೇಯಿಸಿ, ತೊಳೆದು ಬಿಳಿ ಮಾಡಿದ ಕಾಲಿನ ಕೀಲಿನ ಮೂಳೆ. ಮೇಲೊಂದು ತೋಡು, ಕೆಳಗೊಂದು ತೋಡು. ಲೆಕ್ಕದ ಪುಸ್ತಕ ಕೊಡಲು ಬಂದಿದ್ದ ಟೀಚರು ಅದನ್ನು ಕೈಗೆತ್ತಿಕೊಂಡು, ಕನ್ನಡಕ ಸರಿಮಾಡಿಕೊಂಡು, ಬೆರಳಿನಿಂದ ಎರಡೂ ಕಡೆ ಸವರಿ ನೋಡಿದರು.

"ಇದು ತಿಮಿಂಗಿಲಕ್ಕೂ ಇತ್ತಾ?" ಎಂದು ಹುಡುಗನನ್ನೇ ಕೇಳಿದರು.

"ಹಳೆಯ ತಿಮಿಂಗಿಲಕ್ಕೆ ಟೀಚರ್. ಈಗಿನದ್ದಕ್ಕೆ ಕಾಲೇ ಇಲ್ಲ ಅಲ್ವಾ?"