ಬಿಡುಗಡೆ ಬೇರೆ, ಖುಲಾಸೆ ಬೇರೆ

ಮಳೆಗಾಲ ಕಳೆದ ಮೇಲೆ ಸದಸ್ಯರೊಬ್ಬರು ಸಂಘದ ಕಚೇರಿಗೆ ಬಂದರು. ವಿಜಾಪುರದ ಕಡೆಯವರು, ಲೋಣಾವಳಾದಲ್ಲಿ ನೆಲೆ ನಿಂತು ವರ್ಷಗಳಾಗಿವೆ. ಸಾಲ ಮಾಡಿ ಕೊಂಡ ಅವರ ಡಂಪರ್ ಪರವಾನಗಿಯಿಲ್ಲದ ಉಸುಕು ಹೇರಿಕೊಂಡು ಬರುವಾಗ ಜಪ್ತಿಯಾಗಿತ್ತು. “ಸಂಘದ ಕಾಗದದ ಮ್ಯಾಲ ನಾಕು ಸಾಲು ಬರದು ಕೊಡ್ರಿ ಸರ, ಗಾಡಿ ಬಿಡತಾರ” ಎಂದರು. ನಾವು ಕೊಡಲಿಲ್ಲ. ಅದಕ್ಕಾಗಿ ಕೆಲವರು ನಮ್ಮ ಮೇಲೆ ಮುನಿಸಿಕೊಂಡಿದ್ದಾರೆ. ಆದ್ದರಿಂದ ಈ ಮಾತುಗಳು.

ಇಂದ್ರಾಯಣಿ ಹುಟ್ಟುವುದು ಲೋಣಾವಳಾದ ಮಗ್ಗುಲಲ್ಲೇ. ಆದರೆ ಹುಟ್ಟಿದೂರಿನಲ್ಲಿ ಅದು ಕರಿಯ ಬಂಡೆಯ ಮೇಲೆ ಹರಿಯುವ ಹೊಳೆ. ಉಸುಕು ಕೊಡುವಷ್ಟು ಇನ್ನೂ ಬೆಳೆದಿರುವುದಿಲ್ಲ. ಇಲ್ಲಿ ಏಳುತ್ತಿರುವ ಬಂಗಲೆಗಳಿಗೆಲ್ಲ ಉಸುಕು ಹೊರಗಿನಿಂದಲೇ ಬರಬೇಕು. ಇಂದ್ರಾಯಣಿ ತುಳಾಪುರದ ಬಳಿ ಭೀಮೆಯನ್ನು ಕೂಡುತ್ತದೆ. ಭೀಮೆ ಪಂಢರಪುರವನ್ನು ದಾಟಿ ವಿಜಯಪುರ, ಕಲಬುರಗಿ ಜಿಲ್ಲೆಗಳ ಹೊಲಗಳಿಗೆ ನೀರುಣಿಸಿ ಕೃಷ್ಣೆಯನ್ನು ಸೇರುತ್ತದೆ. ಬುಟ್ಟಿಗಟ್ಟಲೆ ಹೋಗಿ ಬ್ರಾಸುಗಟ್ಟಲೆ ಈ ನದಿಯ ಒಡಲು ಬರಿದಾದರೆ ಬಾವಿ ಬತ್ತುವುದು ನಮ್ಮ ಅಣ್ಣತಮ್ಮಂದಿರದೇ. ಇದೇ ಭೀಮೆಯ ಸೀಮೆಯ ಜೇವರ್ಗಿ ತಾಲೂಕಿನಲ್ಲಿ 2023ರ ಜೂನ್ ತಿಂಗಳಲ್ಲಿ ಅಕ್ರಮ ಮರಳು ತಡೆಯಲು ಹೋದ ಹೆಡ್ ಕಾನ್‌ಸ್ಟೆಬಲ್ ಒಬ್ಬರು ಟ್ರ್ಯಾಕ್ಟರಿಗೆ ಸಿಕ್ಕು ಪ್ರಾಣ ತೆತ್ತರು. ಇದನ್ನು ಮರೆತು ‘ನಮ್ಮವರು’ ಎಂಬ ಒಂದೇ ಕಾರಣಕ್ಕೆ ಶಿಫಾರಸು ಬರೆಯಲು ನಮ್ಮ ಲೇಖನಿ ಏಳಲಿಲ್ಲ.

ಹಾಗೆಂದು ಅವರನ್ನು ಬರಿಗೈಯಲ್ಲಿ ಕಳುಹಿಸಲೂ ಇಲ್ಲ. ವಾಹನದ ಬಿಡುಗಡೆ ಕೇಳುವುದು ದಯಾಭಿಕ್ಷೆಯಲ್ಲ, ಕಾಯಿದೆಯೇ ತೆರೆದಿಟ್ಟ ದಾರಿ. 1966ರ ಮಹಾರಾಷ್ಟ್ರ ಭೂಕಂದಾಯ ಸಂಹಿತೆಯ 48ನೆಯ ಕಲಮಿನಂತೆ, ಜಪ್ತಿಯಾದ ವಾಹನವನ್ನು 48 ಗಂಟೆಗಳೊಳಗೆ ಜಿಲ್ಲಾಧಿಕಾರಿಯ ಅಥವಾ ಅವರು ನೇಮಿಸಿದ ಉಪಜಿಲ್ಲಾಧಿಕಾರಿಯ ಮುಂದೆ ಹಾಜರುಪಡಿಸಬೇಕು. ಮಾಲೀಕನು ದಂಡ ಕಟ್ಟಿ, ಮುಂದೆ ಇಂಥ ಕೆಲಸಕ್ಕೆ ಗಾಡಿ ಬಳಸುವುದಿಲ್ಲವೆಂದು ಮುಚ್ಚಳಿಕೆ ಬರೆದುಕೊಟ್ಟರೆ ಅವರು ಅದನ್ನು ಬಿಡಬಹುದು. 2018ರಲ್ಲಿ ಗೊತ್ತುಪಡಿಸಿದ ದರದಂತೆ ಟ್ರ್ಯಾಕ್ಟರಿಗೆ ಒಂದು ಲಕ್ಷ, ಡಂಪರಿಗೆ ಎರಡು ಲಕ್ಷ ರೂಪಾಯಿ. ಉಸುಕಿನ ಪೇಟೆ ಬೆಲೆಯ ಐದು ಪಟ್ಟಿನವರೆಗಿನ ದಂಡ ಇದರಿಂದ ಬೇರೆ. ಕಂತು ಕಟ್ಟುವವನಿಗೆ ಇದು ಬೆನ್ನು ಮುರಿಯುವ ಮೊತ್ತ, ನಾವು ಅಲ್ಲಗಳೆಯುವುದಿಲ್ಲ.

ಪೊಲೀಸರು ಮೊಕದ್ದಮೆ ಹೂಡಿದ್ದರೆ ನ್ಯಾಯಾಲಯಕ್ಕೇ ಹೋಗಬೇಕು. ಗಣಿ ಕಾಯಿದೆಯಲ್ಲದೆ ಕಳವಿನ ಆಪಾದನೆಯನ್ನೂ ಹೊರಿಸಬಹುದೆಂದು ಸರ್ವೋಚ್ಚ ನ್ಯಾಯಾಲಯ 2014ರಲ್ಲಿ ಹೇಳಿದೆ. ಅದೇ ನ್ಯಾಯಾಲಯ 2002ರಲ್ಲಿ, ಸುಂದರಭಾಯಿ ಅಂಬಾಲಾಲ ದೇಸಾಯಿ ಪ್ರಕರಣದಲ್ಲಿ, ಜಪ್ತಿಯಾದ ವಾಹನಗಳನ್ನು ಠಾಣೆಯ ಅಂಗಳದಲ್ಲಿ ದೀರ್ಘಕಾಲ ಇಟ್ಟು ಪ್ರಯೋಜನವಿಲ್ಲ, ತಕ್ಕ ಜಾಮೀನು ಪಡೆದು ಬೇಗ ಒಪ್ಪಿಸಬೇಕೆಂದಿತು. ಯಾವ ಠಾಣೆಯ ಹಿತ್ತಲನ್ನಾದರೂ ನೋಡಿರಿ: ಟಾಯರು ಮಣ್ಣು ಕಚ್ಚಿ, ತೊಟ್ಟಿಯಲ್ಲಿ ಗಿಡ ಬೆಳೆದ ಗಾಡಿಗಳು. ಅದರಿಂದ ನದಿಗೂ ಲಾಭವಿಲ್ಲ, ಸರಕಾರಕ್ಕೂ ಇಲ್ಲ. 2024ರ ಜುಲೈ 1ರಿಂದ ಇಂಥ ಅರ್ಜಿಯನ್ನು ನಾಗರಿಕ ಸುರಕ್ಷಾ ಸಂಹಿತೆಯ 497, 503ನೆಯ ಕಲಮುಗಳಡಿ ಹಾಕಬೇಕು. ಹಳೆಯ 451, 457 ಹೋದವು. ಗಾಡಿ ಬಿಟ್ಟ ಮಾತ್ರಕ್ಕೆ ಆರೋಪ ಹೋಗದು. ಬಿಡುಗಡೆ ಬೇರೆ, ಖುಲಾಸೆ ಬೇರೆ. ಗಣಿ ಕಾಯಿದೆಯ ಪ್ರಕಾರ ಕೊನೆಗೆ ವಾಹನವನ್ನೇ ಮುಟ್ಟುಗೋಲು ಹಾಕುವ ಅಧಿಕಾರವೂ ನ್ಯಾಯಾಲಯಕ್ಕಿದೆ.

ನಮಗೆ ನೋಯುವ ಸಂಗತಿ ಇನ್ನೊಂದು. ಹಿಡಿದದ್ದು ಡಂಪರನ್ನು. ಉಸುಕು ಬೇಕೆಂದು ಹೇಳಿದ ಗುತ್ತಿಗೆದಾರ, ರಶೀದಿ ಕೇಳದೆ ಕೊಂಡ ಬಂಗಲೆಯ ಒಡೆಯ ಇಬ್ಬರೂ ಪಂಚನಾಮೆಯಲ್ಲಿಲ್ಲ. ರಾತ್ರಿ ಸಾಗಿಸುವವನ ಕೈಗೆ ಬಾಡಿಗೆ ಬರುತ್ತದೆ, ಹೆಸರು ಕಾಗದಕ್ಕೆ ಬರುತ್ತದೆ. ನಮ್ಮ ಸದಸ್ಯರಲ್ಲಿಯೂ ಮನೆ ಕಟ್ಟಿಸುವವರಿದ್ದಾರೆ. ರಾಯಲ್ಟಿ ಪಾಸು ತೋರಿಸೆಂದು ಅವರಲ್ಲಿ ಎಷ್ಟು ಮಂದಿ ಕೇಳಿದ್ದಾರೆ?

ಆ ಸದಸ್ಯರ ಅರ್ಜಿಯನ್ನು ಮರಾಠಿ ಬಲ್ಲ ನಮ್ಮ ಕಾರ್ಯಕರ್ತರೊಬ್ಬರು ಬರೆದುಕೊಟ್ಟಿದ್ದಾರೆ. ಉಸುಕು ತಂದದ್ದು ನಿಜವೆಂದು ಅದರಲ್ಲಿ ಒಪ್ಪಿಕೊಂಡಿದೆ, ತರಿಸಿದವರ ಹೆಸರನ್ನೂ ಕಾಣಿಸಿದೆ. ಹೆಸರು ಬರೆಯಲು ಅವರು ಎರಡು ದಿನ ಹಿಂದೆಮುಂದೆ ನೋಡಿದರು. ಇಂಥ ಸಂಕಟದಲ್ಲಿರುವವರು ನೋಂದಣಿ ಪತ್ರ, ವಿಮೆ, ಸಾಲದ ಕಾಗದ, ಪಂಚನಾಮೆಯ ಪ್ರತಿಗಳೊಡನೆ ರವಿವಾರ ಸಂಘಕ್ಕೆ ಬರಬಹುದು. ಅರ್ಜಿ ಬರೆದುಕೊಡುತ್ತೇವೆ, ಶಿಫಾರಸು ಪತ್ರ ಕೇಳಬಾರದು.