ಯಂತ್ರದ ಮೇಲೆ ಗೂಬೆ ಕೂರಿಸಬೇಡಿ

ಅಲ್ಲಾ ಸ್ವಾಮಿ, ಮನುಷ್ಯ ಯಂತ್ರವಾಗುವ ಸಿನಿಮಾ ಅಂದ ಕೂಡಲೇ "ತಂತ್ರಜ್ಞಾನ ನಮ್ಮನ್ನು ನುಂಗುತ್ತಿದೆ" ಅಂತ ಷರಾ ಬರೆದುಬಿಡುವುದು ಯಾವಾಗ ನಿಲ್ಲುತ್ತದೋ! ಜಪಾನಿನ ಶಿನ್ಯಾ ತ್ಸುಕಾಮೊಟೊ 1989ರಲ್ಲಿ ಹೊರತಂದ 'ಟೆಟ್ಸುವೊ: ದಿ ಐರನ್ ಮ್ಯಾನ್'ಗೂ ಇದೇ ಷರಾ. ನನಗಿದು ಸುತರಾಂ ಒಪ್ಪಿಗೆಯಿಲ್ಲ.

ನೋಡಿಲ್ಲದವರಿಗೆ ಹೇಳುತ್ತೇನೆ. 16 ಎಂಎಂ, ಕಪ್ಪು ಬಿಳುಪು, 67 ನಿಮಿಷ. ಚು ಇಶಿಕಾವಾರ ಸಂಗೀತವೋ, ಕಿವಿಯ ಪಕ್ಕ ತಗಡು ಬಡಿದ ಹಾಗೆ. ಕನ್ನಡಕದ ಒಬ್ಬ ಆಫೀಸು ನೌಕರ ಗಡ್ಡ ಹೆರೆಯುತ್ತ ಕನ್ನಡಿ ನೋಡಿದರೆ ಕೆನ್ನೆಯಲ್ಲಿ ಮೊಡವೆಯಂತೆ ಲೋಹದ ಮುಳ್ಳು! ಆಮೇಲೆ ಮೈಯೆಲ್ಲ ವೈರು, ಪೈಪು. ಊಟ ಮಾಡುತ್ತ ನೋಡುವಂಥದ್ದಲ್ಲ.

ಆ ಕಬ್ಬಿಣ ಬಂದದ್ದೆಲ್ಲಿಂದ? ಕಾರ್ಖಾನೆಯಿಂದಲ್ಲ. ತೊಡೆ ಸೀಳಿಕೊಂಡು ಕಬ್ಬಿಣ ತುರುಕಿಕೊಂಡವನೊಬ್ಬ (ಪಾತ್ರ ನಿರ್ದೇಶಕರದೇ) ರಸ್ತೆಗೆ ಓಡಿ ಬಂದಾಗ ಈ ನೌಕರನ ಕಾರು ಬಡಿಯುತ್ತದೆ. ನೌಕರ ಮತ್ತವನ ಗೆಳತಿ ಗಾಯಾಳುವನ್ನು ಆಸ್ಪತ್ರೆಗೆ ಸೇರಿಸುವುದಿಲ್ಲ, ಒಯ್ದು ಎಸೆದುಬರುತ್ತಾರೆ. ಕೆನ್ನೆಯಲ್ಲಿ ಮೊಳೆತದ್ದು ಆ ಮುಚ್ಚಿಟ್ಟ ಲೆಕ್ಕ, ತಂತ್ರಜ್ಞಾನವಲ್ಲ.

ಮುಂಬಯಿಯ ಬ್ಯಾಂಕೊಂದರಲ್ಲಿ ಮೂವತ್ತು ವರ್ಷ ಕಳೆದವನು ನಾನು. ಲೆಡ್ಜರ್ ಹೋಗಿ ಕೋರ್ ಬ್ಯಾಂಕಿಂಗ್ ಬಂದದ್ದನ್ನು ಕಣ್ಣಾರೆ ಕಂಡಿದ್ದೇನೆ. ಯಂತ್ರ ಯಾರ ಮೈಯನ್ನೂ ಹೊಗಲಿಲ್ಲ. ನಾವೇ ಅದರ ಹಿಂದೆ ಅಡಗಿದೆವು. ದುಡಿದು ಬೆರಳು ಸವೆದ ಮುದುಕಿಯ ಬೆರಳಚ್ಚು ಹೊಂದದಿದ್ದರೆ, "ಸಿಸ್ಟಂ ತಗೋತಿಲ್ಲ ಆಜಿ, ನಾಳೆ ಬನ್ನಿ." ಹೆಬ್ಬೆಟ್ಟನ್ನೂ ಒತ್ತಲಾಗದ ವೃದ್ಧರಿಗೂ ಇಬ್ಬರು ಸಾಕ್ಷಿಗಳೆದುರು ಗುರುತು ಹಾಕಿಸಿ ಹಣ ಕೊಡುವ ದಾರಿ ನಿಯಮದಲ್ಲೇ ಇದೆ, ಸಾಕ್ಷಿಗಳಲ್ಲೊಬ್ಬ ಬ್ಯಾಂಕಿನವನೇ ಆಗಿರಬೇಕು. ಅಂದರೆ ಕುರ್ಚಿ ಬಿಟ್ಟು ಏಳಬೇಕು. ಏಳಲು ಮನಸ್ಸಿಲ್ಲದವನಿಗೆ "ಸಿಸ್ಟಂ" ಅನ್ನುವುದು ಎಷ್ಟು ಸಲೀಸು! ಬಡಿದದ್ದು ಕಾರು, ನಾನಲ್ಲ ಅಂದ ಹಾಗೆ.

"ಕೊನೆಯಲ್ಲಿ ಇಬ್ಬರೂ ಒಂದೇ ಲೋಹದ ರಾಶಿಯಾಗಿ ಲೋಕಕ್ಕೇ ತುಕ್ಕು ಹಿಡಿಸಲು ಹೊರಡುತ್ತಾರಲ್ಲ, ಅದು ಯಂತ್ರದ ಗೆಲುವಲ್ಲವೇ?" ಅಂತ ಕೇಳುವವರಿದ್ದಾರೆ. ಸರಿಯಾಗಿ ನೋಡಿ, ಅವರು ಹೊರಡುವುದು ಉತ್ಸಾಹದಿಂದ! ಯಂತ್ರ ನುಂಗಿದವನಿಗೆ ಆ ಉಮೇದು ಬರುವುದಿಲ್ಲ. ಇನ್ನು ಮೇಲೆ ಯಾವುದಕ್ಕೂ ಉತ್ತರ ಕೊಡಬೇಕಾಗಿಲ್ಲ ಅಂತ ಗೊತ್ತಾದವನಿಗೆ ಬರುತ್ತದೆ. ನನಗೆ ಹೇಸಿಗೆಯಾದದ್ದು ರಕ್ತ ನೋಡಿ ಅಲ್ಲ, ಆ ಉಮೇದು ನೋಡಿ.

ಇನ್ನೊಮ್ಮೆ ಯಾರಾದರೂ "ಸಿಸ್ಟಂ ಬಿಡ್ತಿಲ್ಲ" ಅಂದರೆ, "ಸಿಸ್ಟಂ ಇರಲಿ, ನೀವು ಬಿಡ್ತೀರಾ?" ಅಂತ ಕೇಳಿ. ಏನಂತೀರಿ?