ಅರ್ಥವಿಲ್ಲದ ನಗೆ

ಕಳೆದ ತಿಂಗಳು ರಾಣೇಬೆನ್ನೂರಿನ ಬಳಿಯ ಹಲಗೇರಿಗೆ ಸ್ನೇಹಿತರೊಬ್ಬರ ಮನೆಗೆ ನಾವು ಹೋಗಿದ್ದೆವು. ಊಟ ತೀರಿ ಎಲೆಯಡಿಕೆಗೆ ಕುಳಿತಾಗ ಅವರ ಮಗನು, ತಾನೂ ನಾಲ್ವರು ಗೆಳೆಯರೂ ಕೂಡಿ ತೆಗೆದ ಎರಡು ನಿಮಿಷದ ಚಿತ್ರವೊಂದನ್ನು ಮೊಬೈಲಿನಲ್ಲಿ ತೋರಿಸಿದನು. ಅದರಲ್ಲಿ ಒಬ್ಬನು ಕಟ್ಟೆಯ ಮೇಲೆ ಕುಳಿತು ಬ್ಯಾಡಗಿ ಮೆಣಸಿನಕಾಯಿಯೊಂದಕ್ಕೆ ವರನನ್ನು ಹುಡುಕುತ್ತಾನೆ. ಉಳಿದವರು ಬಲು ಗಂಭೀರವಾಗಿ ಅದರ ಬಣ್ಣವನ್ನು ಹೊಗಳಿ, ಖಾರ ಕಡಿಮೆಯೆಂದು ಸಮಾಧಾನಪಟ್ಟು, ಇಷ್ಟು ಎಳೆಯ ವಯಸ್ಸಿಗೇ ಮೈಯೆಲ್ಲ ಸುಕ್ಕೇಕೆಂದು ಕೇಳುತ್ತಾರೆ. ಒಬ್ಬನೂ ನಗುವುದಿಲ್ಲ.

“ಇದರಾಗ ನಗೂದು ಏನೈತೋ?” ಎಂದರು ಮನೆಯ ಅಜ್ಜನವರು.

“ಏನೂ ಇಲ್ಲ ಅಜ್ಜಾ, ಅದಕ್ಕ ನಗೂದು.”

ನಾವೇನೋ ನಕ್ಕೆವು. ಆದರೆ ಹುಡುಗನ ತಂದೆಗೆ ನಗೆ ಬರಲಿಲ್ಲ. ಪದವಿಯ ಕೊನೆಯ ವರುಷವನ್ನು ಬಿಟ್ಟು ಇದನ್ನೇ ಉದ್ಯೋಗ ಮಾಡುವೆನೆಂದು ಮಗನ ಹಟ. ತೀರ್ಪು ಹೇಳಿರೆಂದು ಅವರು ನಮ್ಮತ್ತ ತಿರುಗಿದರು.

ಹುಡುಗನು ತನ್ನ ಪಕ್ಷಕ್ಕೆ ‘ವಿಕ್ಕಿಪೀಡಿಯಾ’ ಎಂಬ ಹೆಸರಿನಿಂದ ಪ್ರಸಿದ್ಧರಾದ ವಿಕಾಸರನ್ನು ಸಾಕ್ಷಿಗೆ ಕರೆದನು. ಗೆಳೆಯರೊಡನೆ ಅವರು 2023ರಲ್ಲಿ ಮಾಡಿದ ‘ನಾನು ನಂದಿನಿ’ ಎಂಬ ಅಣಕು ಹಾಡು ನಾಡೆಲ್ಲ ಹಬ್ಬಿತು. ಬೆಂಗಳೂರಿಗೆ ನೌಕರಿಗೆ ಬಂದ ಹುಡುಗಿಯ ದಿನಚರಿಯನ್ನು ಪರದೇಶದ ಗೊಂಬೆಯ ಹಾಡಿನ ಧಾಟಿಗೆ ಕೂಡಿಸಿ, ಗಂಡಸೇ ಹೆಣ್ಣಿನ ವೇಷ ಹಾಕಿದ್ದು ಅದರ ಚೋದ್ಯ. ಗಂಡು ಹೆಣ್ಣಾಗುವುದು ನಮ್ಮ ಸೀಮೆಗೆ ಹೊಸದಲ್ಲ. ಏಣಗಿ ಬಾಳಪ್ಪನವರು ಕಂಪನಿ ನಾಟಕಗಳ ಸ್ತ್ರೀಪಾತ್ರಗಳಿಂದಲೇ ಹೆಸರು ಪಡೆದರು.

ಅರ್ಥಗೇಡಿ ಮಾತೂ ಹೊಸದಲ್ಲ. ಬಾರದ ಒಬ್ಬನಿಗಾಗಿ ಇಬ್ಬರು ಕಾಯುತ್ತಲೇ ಇರುವ ಬೆಕೆಟ್ಟನ ನಾಟಕವು 1953ರಲ್ಲಿ ಪ್ಯಾರಿಸ್ಸಿನ ರಂಗವನ್ನೇರಿತು. ಮುಂದೆ ಕನ್ನಡದಲ್ಲಿಯೂ ಅಸಂಗತ ನಾಟಕಗಳು ಬಂದವು. ಅವನ್ನು ಬರೆದವರಲ್ಲಿ ಮುಖ್ಯರಾದ ಚಂದ್ರಶೇಖರ ಪಾಟೀಲರು ಇದೇ ಹಾವೇರಿ ಜಿಲ್ಲೆಯ ಹತ್ತಿಮತ್ತೂರಿನವರು. ‘ಕೊಡೆಗಳು’, ‘ಟಿಂಗರ ಬುಡ್ಡಣ್ಣ’, ‘ಕುಂಟಾ ಕುಂಟಾ ಕುರವತ್ತಿ’ — ಹೆಸರುಗಳೇ ಮಕ್ಕಳ ಆಟದ ಮಾತಿನಂತಿಲ್ಲವೆ? ಅವರಿಗೂ ಒಂದು ಕೂಟವಿತ್ತು; ಪಟ್ಟಣಶೆಟ್ಟಿ, ಗಿರಡ್ಡಿಯವರೊಡನೆ 1964ರಲ್ಲಿ ‘ಸಂಕ್ರಮಣ’ ಪತ್ರಿಕೆಯನ್ನು ತೆಗೆದರು. ಆದರೆ ಚಂಪಾ ಅವರ ಕುಚೋದ್ಯವು ಅಧಿಕಾರದಲ್ಲಿದ್ದವರನ್ನು ಕುಟುಕುತ್ತಿತ್ತು. ತುರ್ತು ಪರಿಸ್ಥಿತಿಯಲ್ಲಿ ಅವರು ಸೆರೆಮನೆಯನ್ನೂ ಕಂಡರು. ಇಂದಿನ ಎಷ್ಟೋ ಚಿತ್ರಗಳಲ್ಲಿ ತೊದಲುವವನಿಗೆ, ಕಪ್ಪು ಹೆಣ್ಣಿಗೆ, ಹೊಡೆತ ತಿನ್ನುವ ಹೆಂಡತಿಗೆ ನಗುತ್ತಾರೆ. ಅದು ನಮಗೆ ಸೇರದು. ಮೆಣಸಿನಕಾಯಿಗೆ ನಕ್ಕರೆ ಮೆಣಸಿನಕಾಯಿಗೆ ನೋವಿಲ್ಲ.

ಇನ್ನು ಹಣದ ಮಾತು. ಯೂಟ್ಯೂಬಿನಲ್ಲಿ ಉದ್ದನೆಯ ಚಿತ್ರಗಳಿಗೆ ಜಾಹೀರಾತಿನ ಪಾಲು ದೊರೆಯಬೇಕಾದರೆ 1,000 ಚಂದಾದಾರರೂ ಒಂದು ವರುಷದಲ್ಲಿ 4,000 ತಾಸುಗಳ ವೀಕ್ಷಣೆಯೂ ಬೇಕು. ನಿಮ್ಮ ಚಂದಾದಾರರೆಷ್ಟೆಂದು ಕೇಳಿದೆವು. “ಎಂಬತ್ತಾರು,” ಎಂದನು. ಅವರಲ್ಲಿ ಬಳಗದವರೆಷ್ಟೆಂದು ಕೇಳಲಿಲ್ಲ. ಪಾಟೀಲರೂ ಧಾರವಾಡದಲ್ಲಿ ಇಂಗ್ಲಿಷ್ ಕಲಿಸುತ್ತಲೇ ನಾಟಕ ಬರೆದರೆಂದಷ್ಟೇ ಹೇಳಿ, ಪರೀಕ್ಷೆ ಮುಗಿಸು, ಭಾನುವಾರ ಚಿತ್ರ ತೆಗೆ ಎಂದೆವು. ತಂದೆ ಅರ್ಧ ಒಪ್ಪಿದರು. ಮಗನು ಅರ್ಧವೂ ಒಪ್ಪಲಿಲ್ಲ.

ನಾವು ಹೊರಡುವಾಗ ಅಜ್ಜನವರು ಪಡಸಾಲೆಯಲ್ಲಿ ಮೊಬೈಲನ್ನು ಕಣ್ಣಿಗೆ ಹತ್ತಿರ ಹಿಡಿದು ಕುಳಿತಿದ್ದರು. “ವರ ಸಿಕ್ಕನೋ ಇಲ್ಲೋ?” ಎಂದು ಮೊಮ್ಮಗನನ್ನು ಕೇಳುತ್ತಿದ್ದರು.